ಮನಮಾಯಾಳ ಅಮ್ಮನಿಗೊಂದು ಎಲೆ

ಗುಬ್ಬಿ ಹತ್ತಿರದ ಈ ಮನೆಗೆ ಸೊಸೆಯಾಗಿ ಬಂದು, ಮಗ ಸ್ಕೂಲಿಗೆ ಹೋಗುವಂತಾದರೂ ಊರಿನವರ ಬಾಯಲ್ಲಿ ಮನಮಾಯಾ ಇನ್ನೂ ‘ನೇಪಾಳದೋಳು’. ಹಿರೇಹಳ್ಳಿಯ ಕಾರ್ಖಾನೆಯೊಂದರಲ್ಲಿ ವಾಚ್‌ಮನ್ ಆಗಿದ್ದ ಚಿಕ್ಕಪ್ಪನ ಜೊತೆ ಬಂದವಳು, ಅಲ್ಲೇ ಫಿಟರ್ ಆಗಿದ್ದ ಅಂಜನ್‌ಕುಮಾರನನ್ನು ಮೆಚ್ಚಿ ಮದುವೆಯಾದಳು. ಮುದ್ದೆ ನುಂಗುವುದು ಕಲಿತಳು, ಕನ್ನಡ ಕಲಿತಳು, ಅತ್ತೆ ಪುಟ್ಟಗಂಗಮ್ಮನ ಕೈಲಿ ಬೈಸಿಕೊಳ್ಳುವುದನ್ನೂ ಕಲಿತಳು. ಇನ್ನೇನು ಕಲಿಯಬೇಕಿತ್ತೋ ದೇವರೇ ಬಲ್ಲ.

ಈ ಆಷಾಢದಲ್ಲಿ ಅವಳ ಅಮ್ಮ ನೇಪಾಳದಲ್ಲಿ ತೀರಿಕೊಂಡಳು. ಮಗನಿಗೆ ಜ್ವರ, ಗಂಡನಿಗೆ ರಜೆ ಇಲ್ಲ. ಮೊಬೈಲಿನಲ್ಲೇ ಚಿತೆ ನೋಡಿ ಅತ್ತಳು. ಅಣ್ಣತಮ್ಮಂದಿರಿಲ್ಲ, ಅಲ್ಲಿ ಅಮ್ಮನಿಗೆ ಎಡೆ ಇಡುವವರೇ ಇಲ್ಲ. ಹಾಗಾಗಿ ಪಿತೃಪಕ್ಷ ಬಂದಾಗ ಬಾಯಿಬಿಟ್ಟು ಕೇಳಿದಳು.

"ಅತ್ತೆ, ಮೂಲೇಲಿ ನಮ್ಮಮ್ಮಂಗೂ ಒಂದು ಎಲೆ ಹಾಕ್ಲಾ?"

"ಹೆಣ್ಣು ಕೊಟ್ಟೋರಿಗೆ ಈ ಮನೇಲಿ ಎಡೆ ಇಡಂಗಿಲ್ಲ ಕಣೇ. ನಮ್ಮವ್ವಂಗೇ ನಾನು ಇಟ್ಟಿಲ್ಲ," ಎಂದಳು ಪುಟ್ಟಗಂಗಮ್ಮ. "ನಿಮ್ಮ ಮಾವಂಗೆ ನಿಮ್ಮೂರ ಸೇಲ್ ರೋಟಿ ಅಂದ್ರೆ ಪ್ರಾಣ. ಅದ್ನ ಜಾಸ್ತಿ ಮಾಡು."

ಅಂಜನ್ ಮೊಬೈಲಿನಿಂದ ತಲೆ ಎತ್ತಲಿಲ್ಲ. "ಪದ್ಧತಿ ಕಣೇ, ಸುಮ್ನಿರು."

ಮನಮಾಯಾಳ ಮೈ ಉರಿಯಿತು. ಹೋದ ವರ್ಷ ತೀರಿಕೊಂಡ ಮಾವ ವೆಂಕಟಯ್ಯ ಮೊದಮೊದಲು ಅವಳ ಕೈಯ ನೀರನ್ನೂ ಮುಟ್ಟುತ್ತಿರಲಿಲ್ಲ. ಆಮೇಲೆ ಬಳೆಯಂತೆ ಕರಿದ ಅಕ್ಕಿಹಿಟ್ಟಿನ ಆ ಸಿಹಿರೊಟ್ಟಿಗಾಗಿ ಒಲೆ ಮುಂದೆಯೇ ಕೂರುತ್ತಿದ್ದ. ಅದನ್ನು ಅವಳಿಗೆ ಕಲಿಸಿದ್ದು ಅಮ್ಮ. ಅಮ್ಮನ ರುಚಿ ಈ ಮನೆಗೆ ಬೇಕು, ಅಮ್ಮ ಬೇಡ! ಹಲ್ಲು ಕಚ್ಚಿಕೊಂಡು ಅಕ್ಕಿ ರುಬ್ಬಿದಳು.

ಮಾವನ ಫೋಟೋ ಮುಂದೆ ಎಲೆ ಹಾಕಿ, ಹೊಸ ಪಂಚೆ, ಬೀಡಿ ಕಟ್ಟು, ಸೇಲ್ ರೋಟಿ ಇಟ್ಟು ಧೂಪ ಹಾಕಿದರು. ಹಿರಿಯರು ಬಂದು ಉಣ್ಣಲೆಂದು ಬಾಗಿಲು ಮುಚ್ಚಿ ಎಲ್ಲರೂ ಅಂಗಳಕ್ಕೆ ಬಂದು ನಿಂತರು. ಆ ಹೊತ್ತಿನಲ್ಲಿ ಯಾರೂ ಪಿಟ್ಟೆನ್ನಬಾರದು.

ಮನಮಾಯಾ ಬಾಗಿಲ ಹತ್ತಿರ ಹೋಗಿ ಬೀದಿಗೆಲ್ಲ ಕೇಳುವ ಹಾಗೆ ಕೂಗಿದಳು: "ಮಾವಾ, ಒಬ್ರೇ ತಿನ್ಬೇಡಿ! ನಮ್ಮಮ್ಮ ಹೊರಗೆ ನಿಂತವ್ಳೆ, ಒಳಗೆ ಕರೀರಿ!"

ಅಂಜನ್‌ಗೆ ಮುಖ ಎಲ್ಲಿಡಬೇಕೋ ತಿಳಿಯಲಿಲ್ಲ. ಅವಳ ರಟ್ಟೆ ಹಿಡಿದು ಆಚೆಗೆಳೆದು, ಬೇಗ ಮುಗಿಸೋಣವೆಂದು ಬಾಗಿಲಿಗೆ ಕೈ ಹಾಕಿದ.

"ತಡಿಯೋ," ಎಂದಳು ಪುಟ್ಟಗಂಗಮ್ಮ, ಸೊಸೆಯ ಕಡೆ ನೋಡದೆ. "ಆಯಮ್ಮ ಈಗ ತಾನೆ ಬಂದವ್ಳೆ. ಉಣ್ಣಲಿ."

ಮನಮಾಯಾಳಿಗೆ ಅದೂ ಸಾಲಲಿಲ್ಲ. ಒಳಗೆ ಹಾಕಿದ್ದು ಒಂದೇ ಎಲೆ.