ಬೇಳೆ ತೂಗುವ ತಕ್ಕಡಿಯಲ್ಲಿ ಕಬಡ್ಡಿ

ಬೆಳಿಗ್ಗೆ ಏಳು ಗಂಟೆ ನಲವತ್ತು ನಿಮಿಷ. ಮುಂಬೈ ಗೋರೆಗಾಂವ್‌ನ ಟಿವಿ ಸ್ಟುಡಿಯೊದಲ್ಲಿ ನಮಿತಾ ಸ್ಪ್ರಿಂಗ್ ತಕ್ಕಡಿಗೆ ಐದು ಕಿಲೋ ತೂಕದ ಕಲ್ಲನ್ನು ತೂಗುಹಾಕಿ ಮುಳ್ಳನ್ನೇ ನೋಡುತ್ತಿದ್ದಳು. ಅವಳಪ್ಪ ಮೋನಪ್ಪ ಮಾಟುಂಗದ ಹೋಟೆಲಿನ ಉಗ್ರಾಣದಲ್ಲಿ ಉದ್ದಿನಬೇಳೆ ಮೂಟೆ ತೂಗುವ ತಕ್ಕಡಿ ಅದು. ಕಲ್ಲನ್ನೂ ಅವರೇ ಚೀಲಕ್ಕೆ ಹಾಕಿಕೊಟ್ಟಿದ್ದರು. "ಮೊದಲು ತಕ್ಕಡಿಯನ್ನು ತೂಗಬೇಕು ಮಾರಾಯ್ತಿ, ಮತ್ತೆ ಬೇಳೆ."

ಮುಳ್ಳು ಐದರಲ್ಲಿ ನಿಂತಿತು. ಅಷ್ಟರಲ್ಲಿ ಬೆನ್ನ ಹಿಂದೆ ನಿರೂಪಕ ತಿಲಕ್ ಕ್ಯಾಮೆರಾದ ಎದುರು ಗರ್ಜಿಸಿದ: "ನೋಡಿದಿರಲ್ಲ! 'ಕಬಡ್ಡಿ ಕಬಡ್ಡಿ' ಅಂತ ಕೂಗುತ್ತಾ ಎಳೆದರೆ ಬಲ ಶೇಕಡಾ ಇಪ್ಪತ್ತು ಜಾಸ್ತಿ!"

ಇನ್ನೂ ಯಾರೂ ಏನನ್ನೂ ಎಳೆದಿರಲಿಲ್ಲ. ತಿಲಕ್‌ಗೆ ಹತ್ತು ದಿನದ ಕೆಲಸಕ್ಕೆ ಅಂದೇ ದುಬೈ ವಿಮಾನವಿತ್ತು. ಹಾಗಾಗಿ ಕೊನೆಯ ಮಾತು ಮೊದಲು, ಪ್ರಯೋಗ ಆಮೇಲೆ.

"ಇಪ್ಪತ್ತು ಎಲ್ಲಿಂದ ಬಂತು ತಿಲಕ್?"

"ಸುನ್ನೇ ಮೇ ಅಚ್ಛಾ ಲಗ್ತಾ ಹೈ, ಕೇಳೋಕೆ ಚೆನ್ನಾಗಿರುತ್ತೆ, ನಮಿತಾ. ಹತ್ತು ಅಂದ್ರೆ ಕಮ್ಮಿ ಆಯ್ತು."

ನಮಿತಾ ಭೌತಶಾಸ್ತ್ರದ ಪದವಿ ಹಿಡಿದು ಟಿವಿಗೆ ಬಂದು ಹದಿನೇಳು ವರ್ಷ. ಮೊದಲು ಕ್ರೀಡಾ ಚಾನೆಲ್‌ನಲ್ಲಿ ಸ್ಕೋರ್ ಟೈಪ್ ಮಾಡಿದಳು. ಬಳಿಕ ಮಕ್ಕಳ ವಿಜ್ಞಾನ ಕಾರ್ಯಕ್ರಮಕ್ಕೆ ಹೋದಳು. ಅದು ಹದಿಮೂರನೇ ಕಂತಿಗೆ ನಿಂತಿತು. ಅದರ ಜಾಗಕ್ಕೆ ಅಡುಗೆ ಸ್ಪರ್ಧೆ ಬಂತು. ಕ್ರೀಡೆಯವರು ಅವಳನ್ನು ಟೀಚರ್ ಎಂದರು, ವಿಜ್ಞಾನದವರು ಕಾಮೆಂಟೇಟರ್ ಎಂದರು. ಎರಡನ್ನೂ ಸೇರಿಸಿ ಒಂದು ಕಾರ್ಯಕ್ರಮ ಮಾಡಲು ಒಪ್ಪಿಗೆ ಸಿಕ್ಕಿದ್ದು ಈ ವರ್ಷ. ನಿರ್ಮಾಪಕಿ ಎಂದು ಅವಳ ಹೆಸರು ಒಂಟಿಯಾಗಿ ಪರದೆಯ ಮೇಲೆ ಬರುವ ಮೊದಲ ಕಂತು ಇದು. ಆ ಹೆಸರಿನ ಹಿಂದೆಯೇ ಬುಡವಿಲ್ಲದ ಆ ಶೇಕಡಾ ಇಪ್ಪತ್ತೂ ಬರಲಿತ್ತು.

ಮಧ್ಯಾಹ್ನ ಶಿವಕುಮಾರಿ ಬಂದಳು. ಅವಳ ಅಪ್ಪ ಕಟ್ಟಡ ಕೆಲಸಕ್ಕೆಂದು ವಿಜಯಪುರದ ಕಡೆಯಿಂದ ಬಂದವರು. ಮಗಳು ಉಪನಗರದ ಕಬಡ್ಡಿ ತಂಡದ ರೇಡರ್. ನಮಿತಾ ಅವಳ ಸೊಂಟಕ್ಕೆ ಬೆಲ್ಟ್ ಕಟ್ಟಿ, ಹಗ್ಗದಿಂದ ಗೋಡೆಗೆ ಬಿಗಿದ ತಕ್ಕಡಿಗೆ ಜೋಡಿಸಿದಳು. ತಕ್ಕಡಿ ಅಡ್ಡ ಮಲಗಿದ್ದರಿಂದ ಸೊನ್ನೆಯನ್ನು ಮತ್ತೊಮ್ಮೆ ಸರಿಮಾಡಿದಳು. ಕೂಗಿ ಹತ್ತು ಸಲ, ಬಾಯಿ ಮುಚ್ಚಿ ಹತ್ತು ಸಲ. ಪ್ರತಿ ಎಳೆತದ ನಂತರ ಎರಡು ನಿಮಿಷ ವಿಶ್ರಾಂತಿ. ಪ್ರತಿ ಜೋಡಿಯಲ್ಲಿ ಯಾವುದು ಮೊದಲೆಂಬುದಕ್ಕೆ ನಾಣ್ಯ ಚಿಮ್ಮುವುದು.

"ಮೇಡಮ್, ಆ ಅಣ್ಣ ಮುಂಜಾನೇನ ಹೇಳಿ ಹೋಗ್ಯಾನಂತಲ್ರೀ. ಮತ್ತ ನನ್ನ ಯಾಕ ಎತ್ತಿನಗತೆ ಎಳಸಾಕತ್ತೀರಿ?"

"ಅವನು ಹೇಳಿದ್ದು ಸರಿಯೋ ಅಂತ ನೋಡ್ಲಿಕ್ಕೆ."

"ತಪ್ಪಿದ್ರ?"

ನಮಿತಾ ಮುಳ್ಳು ನೋಡಿ ಅಂಕಿ ಬರೆದುಕೊಂಡಳು, ಕೂಗಿದ್ದು ಒಂದು ಸಾಲಿನಲ್ಲಿ, ಕೂಗದ್ದು ಇನ್ನೊಂದರಲ್ಲಿ. ಹನ್ನೊಂದನೇ ಎಳೆತದ ಹೊತ್ತಿಗೇ ಅವಳ ಪುಸ್ತಕದ ಎರಡೂ ಸಾಲುಗಳು ಅಕ್ಕಪಕ್ಕದ ಮನೆಯವರಂತೆ ಒಂದೇ ಬಗೆಯಾಗಿ ಕಾಣತೊಡಗಿದ್ದವು.

ಸಂಜೆ ಅವಳು ಕಾರ್ಯಕ್ರಮಗಳ ಮುಖ್ಯಸ್ಥೆ ಸೋನಾಲಿಯ ಮುಂದೆ ಪುಸ್ತಕ ಇಟ್ಟಳು.

"ಅರೆ ಯಾರ್, ಗುರುವಾರ ಟೆಲಿಕಾಸ್ಟ್! ತಿಲಕ್ ದುಬೈನಲ್ಲಿ. ಯಾರು ತಕ್ಕಡಿ ಹಿಡ್ಕೊಂಡು ಚೆಕ್ ಮಾಡ್ತಾರೆ? ಚಲ್ತಾ ಹೈ."

"ಹಾಗಾದ್ರೆ ನನ್ನ ಹೆಸರು ತೆಗೆಯಿರಿ."

"ಹದಿನೇಳು ವರ್ಷ ಕಾದು? ಪಾಗಲ್ ಹೈ ಕ್ಯಾ?"

ನಮಿತಾಗೆ ಸಿಟ್ಟಿಗಿಂತ ಸುಸ್ತಾಗಿತ್ತು. ಅಲ್ಲೇ ಕೂತು ತಿಲಕ್‌ನ ತುಣುಕನ್ನು ಏಳು ಸಲ ನೋಡಿದಳು. ಎಂಟನೇ ಸಲ ನಡುವೆಯೇ ನಿಲ್ಲಿಸಿದಳು. "ಸೋನಾಲಿ, 'ನೋಡಿದಿರಲ್ಲ' ಅನ್ನೋದನ್ನು ಮಾತ್ರ ಕತ್ತರಿಸೋಣ. ಮೊದಲು ಶೂಟ್ ಮಾಡಿದ್ದನ್ನು ಮೊದಲೇ ಹಾಕೋಣ. ಅದು ತಿಲಕ್‌ನ ಊಹೆ ಅಂತ ತೋರಿಸೋಣ. ಆಮೇಲೆ ಶಿವಕುಮಾರಿ ಎಳೀಲಿ."

ಸೋನಾಲಿ ಪೆನ್ನು ಕಚ್ಚಿ ಯೋಚಿಸಿದಳು. "ಕೊನೆಗೆ ರಿಸಲ್ಟ್ ಹೇಳೋರು ಯಾರು?"

"ನಾನು."

"ನೀನಾ? ನಿನ್ನ ದನಿ ಸ್ಟೇಷನ್ ಅನೌನ್ಸ್‌ಮೆಂಟ್ ಥರ ಇದೆ!" ನಕ್ಕಳು, ಆದರೆ ಧ್ವನಿಮುದ್ರಣದ ಕೋಣೆಯ ಕೀಲಿಯನ್ನು ಮೇಜಿನ ಮೇಲೆ ತಳ್ಳಿದಳು.

ಗುರುವಾರ ಮೋನಪ್ಪ ಹೋಟೆಲಿನ ಟಿವಿಯ ಸದ್ದು ಏರಿಸಿ ನಿಂತರು. ಪರದೆಯ ಮೇಲೆ ತಿಲಕ್ ಗರ್ಜಿಸಿದ, ಶಿವಕುಮಾರಿ ಇಪ್ಪತ್ತು ಸಲ ಎಳೆದಳು, ಮುಳ್ಳು ಇಪ್ಪತ್ತು ಸಲ ನಡುಗಿತು. ಆಮೇಲೆ ಲೋಕಲ್ ರೈಲು ಎಷ್ಟು ನಿಮಿಷ ತಡವೆಂದು ತಿಳಿಸುವ ಅದೇ ಚಪ್ಪಟೆ ದನಿಯಲ್ಲಿ ಅವರ ಮಗಳು ಹೇಳಿದಳು: "ಕೂಗಿದಾಗ ಸರಾಸರಿ ನಲವತ್ತಾರು ಕಿಲೋ ಇನ್ನೂರು ಗ್ರಾಂ, ಕೂಗದಾಗ ನಲವತ್ತೈದು ಕಿಲೋ ಒಂಬೈನೂರು. ವ್ಯತ್ಯಾಸ, ಮುನ್ನೂರು ಗ್ರಾಂ."