ನಂಗು ಮೀನೂ ನನ್ನ ಶನಿವಾರಗಳೂ

ಉಡುಪಿ ಕಡೆಯವನಾದ ನಾನು ಹುಟ್ಟಿದಂದಿನಿಂದ ಒಂದು ಮೀನನ್ನೂ ತಿಂದವನಲ್ಲ. ಆದರೂ ಸರೋಜಿನಿ ನಗರದ ನಮ್ಮ ಸರ್ಕಾರಿ ವಸತಿಯಲ್ಲಿ ಮೀನಿನ ವಿಷಯಕ್ಕೆ ನನ್ನದೇ ಕೊನೆಯ ಮಾತು. ಸಮುದ್ರದ ಪಕ್ಕದವರು ಎಂದು ಕೆಳಮನೆಯ ಪೊನ್ನಮ್ಮ ಮೊದಲ ದಿನವೇ ಗೌರವದಿಂದ ಅಂದಾಗ ನಾನು ಅಲ್ಲಗಳೆಯಲಿಲ್ಲ. ದೆಹಲಿಯಲ್ಲಿ ಗುಮಾಸ್ತನಿಗೆ ಸಿಗುವ ಗೌರವವೇ ಅಷ್ಟಿಷ್ಟು, ಬಂದದ್ದನ್ನು ಬಿಡುವುದುಂಟೆ? ಅವರು ಊಟಕ್ಕೆ ಕರೆದಾಗಲೆಲ್ಲ ಶನಿವಾರ, ಸೋಮವಾರ, ಏಕಾದಶಿ ಎಂದು ಪಂಚಾಂಗದ ಮೊರೆಹೋಗಿ ಮೀನಿನಿಂದ ಪಾರಾಗುತ್ತಿದ್ದೆ.

ಪೊನ್ನಮ್ಮ ಕೊಡಗಿನವರು. ಸೈನ್ಯದಲ್ಲಿರುವ ಗಂಡ ಮೊನ್ನೆ ಗಡಿಯಿಂದ ರಜೆಯ ಮೇಲೆ ಬಂದಿದ್ದರು. ಭಾನುವಾರ ಬೆಳಿಗ್ಗೆ ಪೊನ್ನಮ್ಮ ತಟ್ಟೆಯಲ್ಲಿ ಅಂಗೈಯುದ್ದದ ನಾಲ್ಕಾರು ಚಪ್ಪಟೆ ಮೀನು ತಂದು, "ನಮ್ಮನೆಯವರಿಗೆ ಅಂತ ತಂದೆ. ಇದು ಯಾವ ಮೀನು, ರಾಯರೇ?" ಎಂದರು.

ಕಡತ ನೋಡುವ ಗತ್ತಿನಲ್ಲೇ ನೋಡಿದೆ. ಎರಡು ಕಣ್ಣೂ ಒಂದೇ ಮಗ್ಗುಲಲ್ಲಿ. "ಅಂಗವಿಕಲ ಮೀನು. ತಿನ್ನಬೇಡಿ," ಎಂದು ತೀರ್ಪಿತ್ತೆ.

"ಅಚ್ಛಾ," ಎಂದು ಅವರು ಇಳಿದುಹೋದರು.

ಪ್ರಾಣಿಶಾಸ್ತ್ರ ಓದುವ ಮಗಳು ಒಳಗಿನಿಂದ ಬಂದಳು. "ಪಪ್ಪಾ, ವೋ ತೋ ಫ್ಲ್ಯಾಟ್‌ಫಿಶ್ ಹೈ. ಅವಕ್ಕೆಲ್ಲ ಕಣ್ಣು ಹಾಗೇ ಇರತ್ತೆ."

ಅವಳು ವಿವರಿಸಿದ ಮೇಲೆ ತಿಳಿಯಿತು, ನಮ್ಮೂರಲ್ಲಿ ನಂಗು ಎನ್ನುವ ಮೀನೇ ಅದು. ಪಂಡಿತರು ಇದನ್ನು ನಾಲಗೆಯಾಕಾರದ ಮೀನುಗಳ ಕುಟುಂಬಕ್ಕೆ ಸೇರಿಸಿದ್ದಾರಂತೆ. ಮರಿಯಾಗಿದ್ದಾಗ ಎಲ್ಲ ಮೀನುಗಳಂತೆ ಕಣ್ಣು ಆಚೆಗೊಂದು ಈಚೆಗೊಂದು. ಬೆಳೆಯುತ್ತ ಒಂದು ಕಣ್ಣು ತಲೆ ದಾಟಿ ಇನ್ನೊಂದರ ಪಕ್ಕಕ್ಕೆ ಬರುತ್ತದೆ. ಆಮೇಲೆ ಕಡಲ ತಳದ ಮರಳಲ್ಲಿ ಮಲಗಿ, ಯಾರಿಗೂ ಕಾಣದಂತೆ ಮೇಲೆ ನೋಡುತ್ತಿರುವುದೇ ಅದರ ಬದುಕು. ಕೇಳಿ ನನಗೆ ಕಸಿವಿಸಿಯಾಯಿತು. ದೆಹಲಿಗೆ ಬಂದಾಗ ನನ್ನ ಕಣ್ಣುಗಳೂ ಎರಡೂ ಕಡೆ ನೋಡುತ್ತಿದ್ದವು. ಈಗ ಎರಡೂ ಮೇಲಧಿಕಾರಿಯ ಬಾಗಿಲ ಕಡೆಗೇ.

ಆದರೆ ಆ ಹೊತ್ತಿನ ಚಿಂತೆ ಬೇರೆ. ವರ್ಷಕ್ಕೊಮ್ಮೆ ಮನೆಗೆ ಬರುವ ಮನುಷ್ಯನ ಊಟ ನನ್ನ ಪ್ರತಿಷ್ಠೆಯಿಂದ ಕಸದ ಬುಟ್ಟಿ ಸೇರಬಾರದಲ್ಲ? ನಿಜ ಹೇಳಿಬಿಡೋಣವೆಂದು ಮೆಟ್ಟಿಲಿಳಿದೆ. ಬಾಗಿಲಲ್ಲೇ ಹುರಿದ ಮೀನಿನ ವಾಸನೆ. ಪೊನ್ನಮ್ಮನ ಗಂಡ ಆಗಲೇ ಎರಡನೆಯದನ್ನು ಮುಗಿಸುತ್ತಿದ್ದರು.

"ನಾನು ಬೇಡ ಅಂದಿದ್ದೆನಲ್ಲ?" ಎಂದೆ, ಬಂದ ಕಾರಣವನ್ನೇ ಮರೆತು.

"ಹೌದು ರಾಯರೇ. ನಿಮ್ಮ ಮಾತು ತೆಗೆದುಹಾಕಬಾರದು ಅಂತ ಆಗ ಸುಮ್ಮನಿದ್ದೆ," ಎಂದು ಪೊನ್ನಮ್ಮ ಕುರ್ಚಿ ಎಳೆದರು. "ಕೂತ್ಕೊಳ್ಳಿ, ಊಟ ಮಾಡಿ."

ನಾನು ವಾರ ನೆನಪಿಸಿಕೊಳ್ಳುತ್ತ ತಡವರಿಸಿದೆ.

"ಇವತ್ತು ಭಾನುವಾರ," ಎಂದರು ಪೊನ್ನಮ್ಮ, ಮುಚ್ಚಿಟ್ಟಿದ್ದ ಇನ್ನೊಂದು ತಟ್ಟೆಯನ್ನು ನನ್ನ ಮುಂದಿಡುತ್ತ. ಅದರಲ್ಲಿ ಅಕ್ಕಿರೊಟ್ಟಿ, ಕುಂಬಳಕಾಯಿ ಪಲ್ಯ. "ನಿಮಗೆ ಅಂತ ಯಾವಾಗಲೂ ಬೇರೆ ಬಾಣಲೆಯಲ್ಲೇ ಮಾಡಿಟ್ಟಿರ್ತೇನೆ. ನೀವೇ ಬರ್ತಿರಲಿಲ್ಲ."