ಬೂಷ್ಟೆಂದು ನಾನು ತೋರಿಸಿದ ರೆಕ್ಕೆಗಳು

ಬೆಳಿಗ್ಗೆ ಏಳು ಗಂಟೆ ಇಪ್ಪತ್ತು ನಿಮಿಷಕ್ಕೆ ನಾನು ಬೆರಳೆತ್ತಿ ತೋರಿಸಿದೆ. ಸಮಯ ಇಷ್ಟು ಸರಿಯಾಗಿ ಗೊತ್ತಿರುವುದಕ್ಕೆ ಕಾರಣವಿದೆ. ಅದಕ್ಕೆ ಒಂದು ನಿಮಿಷ ಮೊದಲು ಮಾವಿನ ಹೂಗೊಂಚಲಿನ ಮೇಲೆ ಕೂತಿದ್ದ ಹುಳುವಿನ ಫೋಟೋ ತೆಗೆದು ನನ್ನ ವಿದ್ಯಾರ್ಥಿಗಳ ಗುಂಪಿಗೆ ಕಳಿಸಿದ್ದೆ. ಕೆಳಗೆ ‘ರೆಕ್ಕೆ ಮೂಡುವ ಹಂತ, ಸೂಕ್ಷ್ಮವಾಗಿ ಗಮನಿಸಿ’ ಎಂದು ಬರೆದಿದ್ದೆ. ವಿದ್ಯಾರ್ಥಿಗಳು ಗಮನಿಸಿದರೋ ಇಲ್ಲವೋ ತಿಳಿಯದು. ನಾನಂತೂ ಗಮನಿಸಲಿಲ್ಲ.

ನಾನು ಕೋಲಾರದ ಒಂದು ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಕಲಿಸುವ ಅತಿಥಿ ಉಪನ್ಯಾಸಕ. ಅತಿಥಿಯಾಗಿ ಆರು ವರ್ಷವಾಯಿತು. ಇಷ್ಟು ದಿನ ಝಂಡಾ ಊರಿದ ಅತಿಥಿಯನ್ನು ಬೇರೆ ಯಾವ ಮನೆಯವರೂ ಸಹಿಸುವುದಿಲ್ಲ. ನನ್ನ ಪಾಲಿಗೆ ಬಂದಿರುವ ಪಾಠ ಕೀಟಗಳದ್ದು. ಅದರಲ್ಲೂ ನಾನು ಕಣ್ಣುಮುಚ್ಚಿ ಹೇಳಬಲ್ಲದ್ದು ರೆಕ್ಕೆಗಳ ಬಗ್ಗೆ. ಕಣ್ಣುಮುಚ್ಚಿ ಹೇಳಬಲ್ಲವನು ಕಣ್ಣು ತೆರೆದಾಗ ಏನು ಮಾಡುತ್ತಾನೆ ಎಂಬುದೇ ಈ ಬರಹದ ವಿಷಯ.

ಅಕ್ಕನನ್ನು ಕೊಟ್ಟಿರುವುದು ಶ್ರೀನಿವಾಸಪುರದ ಆಚೆ, ರಾಯಲ್ಪಾಡಿಗೆ ಹೋಗುವ ದಾರಿಯ ಒಂದು ಹಳ್ಳಿಗೆ. ಭಾವನಿಗೆ ಮಾವಿನ ತೋಟವಿದೆ. ಮಾವು ಹೂ ಬಿಟ್ಟ ಕೂಡಲೇ ಪ್ರತಿವರ್ಷ ಅವರ ಫೋನು ಬರುತ್ತದೆ.

“ಮೇಷ್ಟ್ರೇ, ಬಂದು ಜಿಗಿಹುಳಕ್ಕೆ ರೆಕ್ಕೆ ಬಂದೈತಾ ನೋಡಿ ಹೋಗಪ್ಪ.”

ಜಿಗಿಹುಳು ಹೂವಿನ ರಸ ಹೀರುತ್ತದೆ. ಮರಿಗೆ ರೆಕ್ಕೆ ಬಂದುಬಿಟ್ಟರೆ ಔಷಧಿ ಹೊಡೆಯುವಾಗ ಪಕ್ಕದವರ ತೋಟಕ್ಕೆ ಹಾರಿಹೋಗಿ, ಸಂಜೆಗೆ ಮತ್ತೆ ಊಟಕ್ಕೆ ಬರುತ್ತದೆ. ಆದ್ದರಿಂದ ಮೊದಲೇ ಹೊಡೆಯಬೇಕು. ನಾನು ಭೂತಗನ್ನಡಿ ಹಿಡಿದು ಮರಿಯ ಬೆನ್ನು ನೋಡುತ್ತೇನೆ. ಅಲ್ಲಿ ರೆಕ್ಕೆ ಮೊದಲು ಅಂಗಿಯ ಜೇಬಿನ ಹಾಗೆ ಚಪ್ಪಟೆಯಾದ ಮೊಗ್ಗಿನಂತೆ ಮೂಡಿರುತ್ತದೆ. ಪೊರೆ ಕಳಚಿದ ಹಾಗೆಲ್ಲ ಅಷ್ಟಷ್ಟೇ ಉದ್ದವಾಗುತ್ತದೆ. ಕೊನೆಯ ಪೊರೆ ಬಿಟ್ಟ ಮೇಲೆ, ಮುದುಡಿದ್ದ ರೆಕ್ಕೆಯ ನಾಳಗಳಿಗೆ ಹುಳು ತನ್ನ ಮೈಯ ದ್ರವವನ್ನು ಒತ್ತಿ ತುಂಬುತ್ತದೆ. ಆಗ ಎರಡು ತೆಳುಪದರಗಳು ಒಂದಕ್ಕೊಂದು ಅಂಟಿ, ಹಾಸಿಕೊಂಡು, ಗಾಳಿಗೆ ಗಟ್ಟಿಯಾಗುತ್ತವೆ. ಇದನ್ನೆಲ್ಲ ನಾನು ಪ್ರತಿವರ್ಷ ಭಾವನಿಗೆ ವಿವರಿಸುತ್ತೇನೆ. ಅವರು ಪೂರ್ತಿ ಕೇಳಿಸಿಕೊಂಡು, “ಅದೆಲ್ಲ ಸರಿ ಕಣಯ್ಯಾ, ಇವತ್ತು ಹೊಡೀಬೋದಾ?” ಎನ್ನುತ್ತಾರೆ.

ಆ ದಿನ ಹೊಡೆಯಬಹುದಿತ್ತು. ರಾಯಲ್ಪಾಡಿನ ಕಡೆಯಿಂದ ಔಷಧಿ ಹೊಡೆಯುವವನು ತನ್ನ ಟ್ರಾಕ್ಟರು ತಂದಿದ್ದ. ಹಿಂದೆ ಔಷಧಿಯ ಟ್ಯಾಂಕು, ಪಂಪು, ಉದ್ದನೆಯ ಪೈಪು, ಪೈಪಿನ ತುದಿಗೆ ಮರದ ನೆತ್ತಿಯವರೆಗೂ ಚಿಮ್ಮಿಸುವ ಗನ್ನು. ಮೂವತ್ತೈದರ ಆಸುಪಾಸಿನ, ಮನೆಯಲ್ಲಿ ತೆಲುಗು ಆಡುವ, ಕಡಿಮೆ ಮಾತಿನ ಮನುಷ್ಯ. ಮಾವು ಹೂ ಬಿಟ್ಟಾಗಿನಿಂದ ಕಾಯಿ ಬಲಿಯುವವರೆಗೆ ಶ್ರೀನಿವಾಸಪುರದಿಂದ ಮುಳಬಾಗಿಲಿನ ಕಡೆವರೆಗೂ ಅವನಿಗೆ ಕೆಲಸ. ಅವನ ಮನೆಯ ವರ್ಷದ ಅನ್ನ ಆ ಮೂರು ತಿಂಗಳಲ್ಲೇ ಹುಟ್ಟಬೇಕು. ಗನ್ನು ಅವನ ಕೈಯಲ್ಲಿ, ಪೈಪು ಎಳೆಯಲು ಭಾವ, ಸಲಹೆ ಕೊಡಲು ನಾನು. ನಮ್ಮ ಜಿಲ್ಲೆಯಲ್ಲಿ ಮೂರನೆಯ ಕೆಲಸಕ್ಕೆ ಎಂದೂ ಆಳಿನ ಕೊರತೆ ಬಂದಿಲ್ಲ.

ತೋಟದ ಮೂಲೆಯಲ್ಲಿ ಒಂದು ಹಳೆಯ ನಾಟಿ ಮಾವಿನ ಮರವಿದೆ. ಮಂಜು ಇನ್ನೂ ಬಿಟ್ಟಿರಲಿಲ್ಲ. ಔಷಧಿಯ ತುಂತುರಿಗೆ ಕನ್ನಡಕ ಮಸುಕಾಯಿತೆಂದು ನಾನು ಅದನ್ನು ತೆಗೆದು ಜೇಬಿಗೆ ಹಾಕಿಕೊಂಡಿದ್ದೆ. ತಲೆಯೆತ್ತಿ ನೋಡಿದರೆ ಎತ್ತರದ ದಪ್ಪ ಕೊಂಬೆಯ ಕೆಳಗೆ ಮೊರದಗಲದ ಕಪ್ಪು ಪಟ್ಟೆ. ಜಿಗಿಹುಳು ಇರುವ ಮರದ ಮೇಲೆ ಅದು ಬಿಡುವ ಸಿಹಿ ಅಂಟು ಬಿದ್ದು, ಅಂಟಿನ ಮೇಲೆ ಕಪ್ಪು ಬೂಷ್ಟು ಬೆಳೆಯುತ್ತದೆ. ಪುಸ್ತಕದಲ್ಲಿದೆ. ಪರೀಕ್ಷೆಯಲ್ಲಿ ಬರೆದು ಅಂಕವನ್ನೂ ಗಳಿಸಿದ್ದೇನೆ.

“ಅಲ್ಲಿ ನೋಡಪ್ಪ, ಎಷ್ಟು ಬೂಷ್ಟು ಕಟ್ಟಿದೆ! ಹುಳ ಎಲ್ಲ ಅಲ್ಲೇ ಇರೋದು. ಸರಿಯಾಗಿ ಹೊಡಿ.”

ಅವನು ಒಂದು ಕ್ಷಣ ಅನುಮಾನಿಸಿದ. “ಅದು ಬೂಷ್ಟೇನಾ ಸಾರ್?”

“ನಾನು ಹೇಳ್ತಿದ್ದೀನಲ್ಲ!”

ಅವನು ಹೊಡೆದ. ಬೂಷ್ಟು ಅಲೆಯಂತೆ ಮೇಲಿನಿಂದ ಕೆಳಕ್ಕೆ ಒಮ್ಮೆ ಹೊಳೆಯಿತು. ಬೂಷ್ಟು ಹೊಳೆಯುವುದಿಲ್ಲ ಎಂಬುದೂ ಪುಸ್ತಕದಲ್ಲಿದೆ. ಆಮೇಲೆ ಕೊಂಬೆಯಿಂದ ಅರ್ಧ ಬೂಷ್ಟು ಕಳಚಿ ಗಾಳಿಗೆ ಬಂತು.

“ತೇನೆಟೀಗಲು! ಪರಿಗೆತ್ತಂಡಿ ಸಾರ್, ಪರಿಗೆತ್ತಂಡಿ!”

ತೆಲುಗು ಬಾರದವನಿಗೂ ಆ ಹೊತ್ತಿನಲ್ಲಿ ಅರ್ಥವಾಗುವ ಮಾತು. ಹೆಜ್ಜೇನು, ಓಡಿ ಎಂದು. ನಾನು ಓಡಿದೆ.

ಓಡುವಾಗ ತಲೆಯಲ್ಲಿ ಏನಿತ್ತು ಎಂದು ಈಗ ಯಾರಾದರೂ ಕೇಳಿದರೆ ನಾಚಿಕೆಯಾಗುತ್ತದೆ. ಪಾಠವಿತ್ತು. ಹಕ್ಕಿ, ಬಾವಲಿ ಎರಡೂ ಹಾರುವುದಕ್ಕಾಗಿ ತಮ್ಮ ಮುಂಗೈಗಳನ್ನು ಬಿಟ್ಟುಕೊಟ್ಟವು. ಹುಳು ಹಾಗಲ್ಲ. ಆರು ಕಾಲನ್ನೂ ಹಾಗೇ ಇಟ್ಟುಕೊಂಡು, ಮೇಲೆ ನಾಲ್ಕು ರೆಕ್ಕೆ ಪಡೆಯಿತು. ಎಲ್ಲಿಂದ ಪಡೆಯಿತು ಎಂಬುದಕ್ಕೆ ಪಂಡಿತರು ಇಂದಿಗೂ ಕಿತ್ತಾಡುತ್ತಾರೆ. ನೀರಿನಲ್ಲಿದ್ದಾಗಿನ ಕಿವಿರೇ ರೆಕ್ಕೆಯಾಯಿತು ಎನ್ನುವವರು ಕೆಲವರು, ಬೆನ್ನಿನ ಚಿಪ್ಪಿನ ಅಂಚೇ ಚಾಚಿಕೊಂಡಿತು ಎನ್ನುವವರು ಕೆಲವರು, ಕಾಲಿನ ಬುಡದ ತುಂಡು ಮೇಲಕ್ಕೇರಿ ಮೈಯಲ್ಲಿ ಸೇರಿತು ಎನ್ನುವವರು ಮತ್ತೆ ಕೆಲವರು. ಈ ಮೂರು ವಾದಗಳೂ ನನಗೆ ಕಂಠಪಾಠ. ನನ್ನ ಕತ್ತಿನ ಮೇಲೆ ಕೂತ ಹೆಜ್ಜೇನು ಯಾವ ಪಕ್ಷದ್ದೆಂದು ಹೇಳಲಿಲ್ಲ.

ಮೋಟಾರ್ ರೂಮಿಗೆ ಮೊದಲು ತಲುಪಿದವನು ನಾನು. ನನ್ನ ಹಿಂದೆಯೇ ಭಾವ ನುಗ್ಗಿ ಬಾಗಿಲು ಹಾಕಿದರು. ಗನ್ನು ಹಿಡಿದಿದ್ದವನು ಬರಲಿಲ್ಲ. ಅವನು ಟ್ರಾಕ್ಟರಿನ ಕಡೆ ಹೋಗಿದ್ದ. ಎಂಜಿನ್ನಿನ ಸದ್ದಿಗೆ ಜೇನು ಇನ್ನಷ್ಟು ಕೆರಳುತ್ತದೆಂದು ಅದನ್ನು ಆರಿಸಲು. ಆರಿಸಿದ. ಸದ್ದು ನಿಂತ ಮೇಲೆ ರೆಕ್ಕೆಗಳ ಸದ್ದು ಮಾತ್ರ ಉಳಿಯಿತು. ಆ ಸದ್ದಿನ ವಿವರಣೆಯೂ ನನಗೆ ಗೊತ್ತು. ಜೇನಿನ ಎದೆಯೊಳಗಿನ ದೊಡ್ಡ ಸ್ನಾಯುಗಳು ರೆಕ್ಕೆಗೆ ನೇರವಾಗಿ ಅಂಟಿರುವುದಿಲ್ಲ. ಅವು ಎದೆಯ ಗೂಡನ್ನೇ ಅದುಮಿ ಬಿಡುತ್ತವೆ, ಗೂಡು ಅದುರಿದಂತೆ ರೆಕ್ಕೆ ಸೆಕೆಂಡಿಗೆ ನೂರಕ್ಕೂ ಹೆಚ್ಚು ಸಲ ಬಡಿಯುತ್ತದೆ. ಕಿಟಕಿಯ ಸಂದಿಯಿಂದ ನೋಡುತ್ತಿದ್ದೆ. ಅವನು ಟ್ಯಾಂಕಿನ ಮೇಲಿದ್ದ ಟಾರ್ಪಾಲನ್ನು ಎಳೆದು ಮೈಮೇಲೆ ಹಾಕಿಕೊಂಡು ಚಕ್ರದ ಪಕ್ಕ ಮುದುಡಿ ಬಿದ್ದ. ಟಾರ್ಪಾಲಿನ ಮೇಲೆ ನೋಡನೋಡುತ್ತಿದ್ದಂತೆ ಬೂಷ್ಟು ಕಟ್ಟಿತು. ಟಾರ್ಪಾಲು ಚಿಕ್ಕದು. ಒಂದು ಕಾಲು ಹೊರಗಿತ್ತು. ಆ ಕಾಲು ಒದ್ದಾಡುತ್ತಿತ್ತು. ಆಮೇಲೆ ಒದ್ದಾಡುವುದನ್ನು ನಿಲ್ಲಿಸಿತು.

ಭಾವ ಗೋಣಿಚೀಲ ಹೊದ್ದು ಹೊರಗೆ ಹೋದರು. ಗಾಳಿ ಬರುವ ಕಡೆ ತರಗೆಲೆ ಗುಡ್ಡೆ ಹಾಕಿ ಬೆಂಕಿ ಹಚ್ಚಿ, ಮೇಲೆ ಹಸಿಸೊಪ್ಪು ಎಸೆದು ಹೊಗೆ ಎಬ್ಬಿಸಿ, ಹೊಗೆಯ ಮರೆಯಲ್ಲಿ ಅವನನ್ನು ಟಾರ್ಪಾಲಿನ ಸಮೇತ ಎಳೆದುಕೊಂಡು ಬಂದರು. ಭಾವ ಎಸ್ಸೆಸ್ಸೆಲ್ಸಿ ಫೇಲಾದ ಮನುಷ್ಯ. ನಾನು ಬಾಗಿಲು ತೆರೆಯುವ ಮಹತ್ತರ ಕೆಲಸ ಮಾಡಿದೆ.

ಶ್ರೀನಿವಾಸಪುರದ ಆಸ್ಪತ್ರೆಯಲ್ಲಿ ಅವನಿಗೆ ಇಂಜೆಕ್ಷನ್ ಕೊಟ್ಟು ಕೋಲಾರಕ್ಕೆ ಕಳಿಸಿದರು. ಎರಡು ದಿನ ಅವನ ಉಸಿರಿನ ಮೇಲೆ ಯಾರೂ ಭರವಸೆ ಕೊಡಲಿಲ್ಲ. ಮೂರನೆಯ ದಿನ ಕಣ್ಣು ತೆರೆದ. ತೆರೆಯುವಷ್ಟು ಕಣ್ಣು ಊತದಿಂದ ಹೊರಗೆ ಬಂದಿತ್ತು ಎನ್ನುವುದು ಹೆಚ್ಚು ಸರಿ. ತುಟಿ ದಪ್ಪವಾಗಿ ಮಾತು ಹೊರಡುತ್ತಿರಲಿಲ್ಲ. ನನಗೆ ಕಚ್ಚಿದ್ದು ಒಂಬತ್ತು. ಅಕ್ಕ ಅರಿಸಿನ ಹಚ್ಚುತ್ತಾ, “ಅಯ್ಯೋ ನನ್ ತಮ್ಮ, ಆ ಕುರುಡ್ ನನ್ಮಗನ್ ದೆಸೆಯಿಂದ ನಿಂಗೆ ಹಿಂಗಾಯ್ತಲ್ಲೋ” ಎಂದು ಅತ್ತಳು. ನಾನು ಸುಮ್ಮನೆ ಹಚ್ಚಿಸಿಕೊಂಡೆ.

ಏಕೆಂದರೆ ಅಷ್ಟರಲ್ಲಿ ಊರು ತೀರ್ಮಾನ ಮಾಡಿಯಾಗಿತ್ತು. ಗನ್ನು ಹಿಡಿದವನು ಹೆಜ್ಜೇನಿಗೆ ಹೊಡೆದ, ತಪ್ಪು ಅವನದ್ದು. ಪಂಪಿನ ಸದ್ದಿನಲ್ಲಿ ನನ್ನ ಮಾತು ಭಾವನಿಗೆ ಕೇಳಿಸಿರಲಿಲ್ಲ. ಬಸ್‌ಸ್ಟಾಪಿನ ಟೀ ಅಂಗಡಿಯಲ್ಲಿ ದಿನವೂ ನ್ಯಾಯ ನಡೆಯುತ್ತಿತ್ತು.

“ಕುಡ್ದಿರ್ಬೇಕು ಕಣ್ಲಾ.”

“ಬೆಳಿಗ್ಗೆ ಏಳಕ್ಕಾ?”

“ಅವ್ರ ಕಡೆ ಏಳಕ್ಕೇ ಶುರು.”

“ಮೇಷ್ಟ್ರು ಅಲ್ಲೇ ಇದ್ರಲ್ಲ, ಕೇಳ್ರಿ. ಏನ್ ಮೇಷ್ಟ್ರೇ, ಅವ್ನು ನೋಡ್ದೇನೇ ಹೊಡ್ದ ಅಲ್ವಾ?”

ಆಗ ನಾನು ಕೊಟ್ಟ ಉತ್ತರವನ್ನು ನೆನೆದರೆ ಈಗಲೂ ಮುಖ ಮುಚ್ಚಿಕೊಳ್ಳಬೇಕೆನಿಸುತ್ತದೆ. ಹೆಜ್ಜೇನಿನ ಹಿಂದಿನ ರೆಕ್ಕೆಯ ಅಂಚಿನಲ್ಲಿ ಸಾಲಾಗಿ ಸಣ್ಣ ಕೊಕ್ಕೆಗಳಿರುತ್ತವೆ, ಹಾರುವಾಗ ಅವು ಮುಂದಿನ ರೆಕ್ಕೆಗೆ ಸಿಕ್ಕಿಕೊಂಡು ನಾಲ್ಕು ರೆಕ್ಕೆ ಎರಡರಂತೆ ಕೆಲಸ ಮಾಡುತ್ತವೆ, ಅದಕ್ಕೇ ಅಷ್ಟು ವೇಗ ಎಂದೆ. ಎಲ್ಲರೂ ತಲೆದೂಗಿದರು. ಒಬ್ಬರು ನನ್ನ ಟೀಗೆ ಕಾಸು ಕೊಟ್ಟರು. ಕೇಳಿದ್ದಕ್ಕೆ ಮಾತ್ರ ಉತ್ತರ ಕೊಡಲಿಲ್ಲವೆಂದು ಯಾರ ಗಮನಕ್ಕೂ ಬರಲಿಲ್ಲ. ಹತ್ತಾರು ತೋಟದವರು ಈ ಸಲ ಅವನ ಟ್ರಾಕ್ಟರನ್ನು ಕರೆಯುವುದಿಲ್ಲವೆಂದು ಅಲ್ಲೇ ಮಾತಾಯಿತು. ಮೊದಲು ಹಾಗೆಂದವರು ಭಾವ.

ಕೋಲಾರಕ್ಕೆ ಬಂದು ಪಾಠ ಶುರುಮಾಡಿದೆ. ರಾತ್ರಿ ಫ್ಯಾನ್ ಹಾಕಿದರೆ ಅದೇ ಸದ್ದು, ಆರಿಸಿದರೆ ಸೊಳ್ಳೆಯ ಸದ್ದು. ಸೊಳ್ಳೆಗೆ ಎರಡೇ ರೆಕ್ಕೆ. ಹಿಂದಿನ ಜೋಡಿ ವಿಕಾಸದಲ್ಲಿ ತುದಿ ಗುಂಡಗಿರುವ ಸಣ್ಣ ಕಡ್ಡಿಯಾಗಿ, ಹಾರುವಾಗ ತೂಕ ಸರಿದೂಗಿಸಲು ಉಳಿದಿದೆ. ಇದನ್ನು ಯೋಚಿಸುತ್ತಾ ಬೆಳಗಾಗುತ್ತಿತ್ತು. ಒಂದು ದಿನ ತರಗತಿಯಲ್ಲಿ ಹುಡುಗಿಯೊಬ್ಬಳು, “ಸಾರ್, ಜೇನಿನ ಮರಿಗೂ ಜಿಗಿಹುಳದ ತರಹ ಹೊರಗಡೆ ರೆಕ್ಕೆ ಮೊಗ್ಗು ಕಾಣುತ್ತಾ?” ಎಂದು ಕೇಳಿದಳು. ಇಲ್ಲಮ್ಮ, ಅದರ ರೆಕ್ಕೆ ಮೈಯ ಒಳಗೇ ಮಡಚಿಕೊಂಡು ಬೆಳೆಯುತ್ತದೆ, ಗೂಡಿನೊಳಗೆ ರೂಪ ಬದಲಿಸುವಾಗ ಮಾತ್ರ ಹೊರಬರುತ್ತದೆ, ಅಲ್ಲಿಯವರೆಗೆ ಯಾರಿಗೂ ಗೊತ್ತಾಗುವುದಿಲ್ಲ ಎಂದೆ. ಹೇಳುತ್ತಾ ಹೇಳುತ್ತಾ ನನ್ನ ದನಿ ಯಾಕೋ ಸಣ್ಣದಾಯಿತು. ಆ ಶನಿವಾರ ರಾಯಲ್ಪಾಡಿನ ಬಸ್ಸು ಹತ್ತಿದೆ.

ಅವನು ಮನೆಯ ಮುಂದೆ ಟ್ರಾಕ್ಟರಿನ ಪಕ್ಕದಲ್ಲೇ ಕೂತಿದ್ದ. ಮುಖ ಇಳಿದಿತ್ತು, ಕಾಲು ಇನ್ನೂ ಊದಿತ್ತು. ಹೂ ಉದುರಿ ಕಾಯಿ ಬಟಾಣಿಯಷ್ಟಾಗುವ ಹೊತ್ತು. ಎರಡನೆಯ ಸಲ ಔಷಧಿ ಹೊಡೆಯುವ ಕಾಲ. ಟ್ರಾಕ್ಟರು ಅಂಗಳದಲ್ಲಿತ್ತು.

“ತಪ್ಪು ನನ್ನದೇ” ಎಂದೆ. ಇಷ್ಟು ಚಿಕ್ಕ ವಾಕ್ಯವನ್ನು ನಾನು ಯಾವ ತರಗತಿಯಲ್ಲೂ ಹೇಳಿದವನಲ್ಲ.

“ಗೊತ್ತು ಸಾರ್.”

“ನಮ್ಮ ಭಾವನಿಗೆ ನೀನು ಹೇಳಬಹುದಿತ್ತು.”

“ಹೇಳ್ದೆ ಸಾರ್. ಮಾತು ಬಂದ ದಿನಾನೇ ಫೋನ್ ಮಾಡಿ ಹೇಳ್ದೆ. ‘ನಮ್ ಬಾಮೈದ ಎಮ್ಮೆಸ್ಸಿ ಓದವ್ನೆ, ಹೆಜ್ಜೇನು ಯಾವ್ದು ಬೂಷ್ಟು ಯಾವ್ದು ಅವ್ನಿಗೆ ಗೊತ್ತಾಗಲ್ವೇನೋ ಸುಳ್ಳಾ’ ಅಂತ ಬೈದ್ರು.” ಅವನು ಕಾಲು ಕೆರೆದುಕೊಂಡ. “ನಂಗ್ಯಾಕೆ ಹೇಳ್ತೀರಾ? ನಾನು ಅಲ್ಲೇ ಇದ್ದೆ. ಅಲ್ಲಿ ಇಲ್ದಿದ್ದವರಿಗೆ ಹೇಳಿ.”

ಒಳಗಿನಿಂದ ಅವನ ಹೆಂಡತಿ ಮಜ್ಜಿಗೆ ತಂದಿಟ್ಟಳು. ಲೋಟ ಇಡುವಾಗ ನನ್ನ ಮುಖ ನೋಡಲಿಲ್ಲ. ಕುಡಿಯುವುದೂ ಕಷ್ಟ, ಬಿಡುವುದೂ ಕಷ್ಟ ಎನ್ನುವಂಥ ಮಜ್ಜಿಗೆ ಅದು. ಕುಡಿದೆ.

ಅಲ್ಲಿಂದ ನೇರವಾಗಿ ಅಕ್ಕನ ಊರಿನ ಟೀ ಅಂಗಡಿಗೆ ಹೋದೆ. ಭಾವ ಇದ್ದರು, ನ್ಯಾಯಾಧೀಶರೂ ಪೂರ್ತಿ ಇದ್ದರು. ಕನ್ನಡಕ ಜೇಬಿನಲ್ಲಿದ್ದದ್ದು, ಕಪ್ಪು ಪಟ್ಟೆ, ಬೆರಳೆತ್ತಿದ್ದು, ಅವನು ಅನುಮಾನಪಟ್ಟು ಕೇಳಿದ್ದು, ನಾನು ಗದರಿದ್ದು ಎಲ್ಲ ಹೇಳಿದೆ. ಕೊಕ್ಕೆಗಳ ವಿಷಯ ಎತ್ತಲಿಲ್ಲ.

ಆಮೇಲೆ ಒಬ್ಬ ತಾತ ಬೀಡಿ ಆರಿಸಿ ಹೇಳಿದ: “ನಮ್ಮನೆ ಎಮ್ಮೆ ಆ ಮರದ ಕೆಳಕ್ಕೆ ಹದಿನೈದ್ ದಿನದಿಂದ ಹೋಗ್ತಿರ್ಲಿಲ್ಲ ಕಣಪ್ಪ. ಅದ್ಕೆ ಗೊತ್ತಿತ್ತು. ಅದು ಎಲ್ಲಿ ಓದ್ತೋ ಏನೋ.”

ಅಂಗಡಿ ತುಂಬ ನಗು. ಭಾವ ನಗಲಿಲ್ಲ. “ಇಷ್ಟು ದಿನ ಬಾಯಿಗೇನ್ ಬೂಷ್ಟು ಕಟ್ಟಿತ್ತೇನಯ್ಯಾ ನಿಂಗೆ?” ಎಂದರು. ಅವರು ಫೋನ್ ತೆಗೆದು ಎಲ್ಲರಿಗೂ ಕೇಳುವಂತೆ ಸ್ಪೀಕರಿಗೆ ಹಾಕಿದರು.

“ನಾನಪ್ಪ. ಬೈದಿದ್ದಕ್ಕೆ ತಪ್ಪಾಯ್ತು. ಎರಡ್ನೇ ಸಲ ಹೊಡೀಬೇಕು, ಬರ್ತೀಯಾ? ಇಲ್ಲಿ ಇನ್ನೂ ನಾಲ್ಕೈದ್ ಜನ ಅವ್ರೆ, ಅವರ ತೋಟಾನೂ ನಿಂಗೇ.”

ಆ ಕಡೆಯಿಂದ ಅವನ ದನಿ ಬಂತು. “ಬರ್ತೀನಿ ಅಣ್ಣಾ. ಕಾಲು ಇನ್ನೊಂದ್ ವಾರದಲ್ಲಿ ಸರಿ ಹೋಗ್ತದೆ. ಆದ್ರೆ ಒಂದ್ ಮಾತು.”

“ಹೇಳು.”

“ಸಾರ್‌ನ ಕರೀಬೇಡಿ.”

ಈ ಷರತ್ತಿಗೆ ಇಡೀ ಊರು ಒಕ್ಕೊರಲಿನಿಂದ ಒಪ್ಪಿತು. ನಾನೂ ಒಪ್ಪಿದೆ.

ಎಂಟು ದಿನ ಕಳೆದು ಭಾನುವಾರ ಔಷಧಿ ಹೊಡೆದರು. ನಾನು ಕೋಲಾರದ ನನ್ನ ಕೋಣೆಯಲ್ಲಿ ಬೆಳಗಿನಿಂದ ಫೋನ್ ಮುಂದಿಟ್ಟುಕೊಂಡು ಕೂತಿದ್ದೆ. ಸಂಜೆ ಭಾವ ಫೋನ್ ಮಾಡಿದರು. ಮೂಲೆಯ ಮರ ಬಿಟ್ಟು ಉಳಿದದ್ದೆಲ್ಲ ಆಯಿತು, ಅವನು ಊಟ ಮಾಡಿಕೊಂಡು ಪಕ್ಕದ ತೋಟಕ್ಕೆ ಹೋದ, ಆ ವಾರ ಪೂರ್ತಿ ಅವನಿಗೆ ಬಿಡುವಿಲ್ಲ ಎಂದರು. ಹುಳುವಿಗೆ ರೆಕ್ಕೆ ಬಂದಿತ್ತೇ ಎಂದು ಕೇಳಬೇಕೆನಿಸಿತು, ಕೇಳಲಿಲ್ಲ. ಅನ್ನ ಸಾರು ಉಂಡು, ಫ್ಯಾನ್ ಹಾಕಿ ಮಲಗಿದೆ. ಕಣ್ಣು ಬಿಟ್ಟಾಗ ಸೋಮವಾರ ಎಂಟು ಗಂಟೆಯಾಗಿತ್ತು, ಮೊದಲ ತರಗತಿಗೆ ತಡವಾಗಿತ್ತು.